ಬೀಜಕ್ಕನ ಪರವಾಗಿ

ನಮ್ಮ ಮನೆಯಲ್ಲಿ ಇಬ್ಬರು ಹೆಣ್ಣುಮಕ್ಕಳು. ದೊಡ್ಡವಳು ಐದನೇ ಕ್ಲಾಸು, ಚಿಕ್ಕವಳು ಯುಕೆಜಿ. ಹೋದ ಬೇಸಿಗೆ ರಜೆಯಲ್ಲಿ ಇವರಿಬ್ಬರ ಜಗಳ ಬಿಡಿಸಿ ಬಿಡಿಸಿ ಸಾಕಾಗಿ, ಜಗಳದ ಬಗ್ಗೆಯೇ ಇರೋ ಪುಸ್ತಕ ಕೊಟ್ಟರೆ ಹೇಗೆ ಅಂತ ಹುಡುಕಿ ತರಿಸಿದ್ದು ‘ಬೀಜಸ್ ಆ್ಯಂಡ್ ರಮೋನಾ’. ಬರೆದವರು ಅಮೆರಿಕದ ಬೆವರ್ಲಿ ಕ್ಲಿಯರಿ. ಮೊದಲು ಅಚ್ಚಾಗಿದ್ದು 1955ರಲ್ಲಿ. ಎಪ್ಪತ್ತು ವರ್ಷ ಹಳೇದು, ಅದೂ ಇಂಗ್ಲಿಷು, ನಮ್ಮ ತಿಪಟೂರಿನ ಮಕ್ಕಳಿಗೆ ಇದರಲ್ಲಿ ಏನು ಸಿಗತ್ತೆ ಅಂತ ನಮ್ಮ ಯಜಮಾನರು ಮೂಗು ಮುರಿದರು. ಮುರೀಲಿ ಬಿಡಿ, ಅವರು ಮನೆಗೆ ಒಬ್ಬನೇ ಮಗ. ಅವರಿಗೇನು ಗೊತ್ತು?

ಪುಸ್ತಕ ಬಂದ ಸ್ಥಿತಿ ಮೊದಲು ಹೇಳಿಬಿಡ್ತೀನಿ. ಆನ್‌ಲೈನ್‌ನಲ್ಲಿ ತರಿಸಿದ್ದು. ಮಾರಿದವರು ಬಬಲ್ ಶೀಟ್ ಏನೂ ಸುತ್ತದೆ ಒಂದು ತೆಳು ಪ್ಲಾಸ್ಟಿಕ್ ಕವರಿಗೆ ತುರುಕಿ ಕಳಿಸಿದ್ದರು. ಮೂಲೆ ಮಡಚಿಹೋಗಿ, ಕೊನೆಯ ಹತ್ತು ಹಾಳೆ ನಾಯಿಕಿವಿ ಆಗಿತ್ತು. ವಾಪಸ್ ಕಳಿಸೋಣ ಅಂತ ಫೋಟೋ ತೆಗೆಯೋಷ್ಟರಲ್ಲಿ ದೊಡ್ಡವಳು ಮೂರನೇ ಪುಟದಲ್ಲಿದ್ದಳು. ಹಾಗಾಗಿ ನಾಯಿಕಿವಿ ಸಮೇತ ಉಳೀತು. ಕಾಗದ ಸುಮಾರು, ಅಕ್ಷರ ದೊಡ್ಡದು, ನಡುನಡುವೆ ಜಾಕ್ವೆಲಿನ್ ರೋಜರ್ಸ್ ಅವರ ಚಿತ್ರಗಳಿವೆ. ಮೊದಲ ಮುದ್ರಣದಲ್ಲಿ ಲೂಯಿಸ್ ಡಾರ್ಲಿಂಗ್ ಬರೆದ ಚಿತ್ರಗಳಿದ್ದವು. ಹಳೇ ಪುಸ್ತಕದಂಗಡಿಯಲ್ಲಿ ಅದು ಕಣ್ಣಿಗೆ ಬಿದ್ದರೆ ಬಿಡಬೇಡಿ.

ಕತೆ ಅಂತ ಒಂದೇ ಎಳೆ ಇಲ್ಲ. ಊರು ಪೋರ್ಟ್‌ಲ್ಯಾಂಡ್, ಆರೆಗಾನ್ ರಾಜ್ಯದ್ದು. ಕ್ಲಿಕಿಟ್ಯಾಟ್ ಅನ್ನೋ ರಸ್ತೆ. (ಹೆಸರು ಕೇಳಿದರೆ ಕಟ್ಟಿಕೊಂಡ ಕತೆ ಅನ್ನಿಸತ್ತೆ, ಆದರೆ ಆ ಊರಲ್ಲಿ ನಿಜವಾಗಲೂ ಈ ಹೆಸರಿನ ರಸ್ತೆ ಇದೆ. ಹತ್ತಿರದ ಗ್ರಾಂಟ್ ಪಾರ್ಕಿನಲ್ಲಿ ರಮೋನಾಳ ಕಂಚಿನ ಪ್ರತಿಮೆಯನ್ನೂ ನಿಲ್ಲಿಸಿದ್ದಾರೆ.) ಅಕ್ಕನಿಗೆ ಒಂಬತ್ತು ವರ್ಷ, ತಂಗಿಗೆ ನಾಲ್ಕು. ಅಕ್ಕನ ನಿಜ ಹೆಸರು ಬಿಯಾಟ್ರಿಸ್. ತಂಗಿಗೆ ನಾಲಿಗೆ ಹೊರಳದೆ ಬೀಜಸ್ ಆಯ್ತು, ಅದೇ ಉಳೀತು. ಅಂದರೆ ಕತೆ ಶುರುವಾಗೋ ಮೊದಲೇ ತಂಗಿ ಅಕ್ಕನ ಹೆಸರನ್ನೂ ಹಾಳು ಮಾಡಿಟ್ಟಿದ್ದಾಳೆ. ನಮ್ಮ ಚಿಕ್ಕವಳು ಅದನ್ನು ಇನ್ನೂ ಒಂದು ಸುತ್ತು ಹಾಳು ಮಾಡಿ ‘ಬೀಜಕ್ಕ’ ಅಂದಳು. ಈಗ ಮನೆಯಲ್ಲಿ ಎಲ್ಲರಿಗೂ ಅವಳು ಬೀಜಕ್ಕನೇ.

ಮೊದಲ ಅಧ್ಯಾಯ ಓದಿದ್ದು ನಮ್ಮ ಮೆಡಿಕಲ್ ಶಾಪಿನ ಕೌಂಟರಿನ ಹಿಂದೆ ಕೂತು. ರಮೋನಾಗೆ ಸ್ಟೀಮ್ ಷವಲ್ ಅಂದರೆ ಪ್ರಾಣ. ಹಬೆಯಲ್ಲಿ ಓಡುವ, ಮಣ್ಣು ಅಗೆಯೋ ಯಂತ್ರ. ನಮ್ಮ ಹುಡುಗರಿಗೆ ಜೆಸಿಬಿ ಇದ್ದ ಹಾಗೆ ಅಂದುಕೊಳ್ಳಿ. ಆ ಯಂತ್ರದ ಒಂದೇ ಕತೆಪುಸ್ತಕವನ್ನು ಮತ್ತೆ ಮತ್ತೆ ಓದು ಅಂತ ಅಕ್ಕನ ಪ್ರಾಣ ತೆಗೀತಾಳೆ. ಓದಿದರೆ ಸಾಲದು, ಯಂತ್ರದ ಸದ್ದನ್ನೂ ಮಾಡಬೇಕು. ತಾಳಲಾರದೆ ಅಕ್ಕ ಅವಳನ್ನು ಲೈಬ್ರರಿಗೆ ಕರಕೊಂಡು ಹೋದರೆ, ಮಹಾತಾಯಿ ಆರಿಸಿಕೊಳ್ಳೋದು ಇನ್ನೊಂದು ಸ್ಟೀಮ್ ಷವಲ್ ಪುಸ್ತಕ. ಅವಧಿ ಮುಗಿದು ವಾಪಸ್ ಕೊಡಬೇಕಾದ ದಿನ ನೋಡಿದರೆ ಪುಟಪುಟಕ್ಕೂ ಕ್ರೇಯಾನಿನ ಗೀಚು. ಏನದು ಅಂದರೆ ತನ್ನ ಹೆಸರು ಬರೆದಿದ್ದಾಳಂತೆ! ಅಕ್ಷರ ಒಂದೂ ಬಾರದು, ಆದರೆ ಚುಕ್ಕಿ ಇಡೋದು, ಅಡ್ಡಗೆರೆ ಎಳೆಯೋದು ಇಷ್ಟ. ಹೆಸರು ಬರೆದ ಮೇಲೆ ಪುಸ್ತಕ ನಂದೇ ತಾನೇ, ವಾಪಸ್ ಯಾಕೆ ಕೊಡಬೇಕು ಅನ್ನೋದು ಅವಳ ವಾದ.

ಇಲ್ಲಿ ಗ್ರಂಥಪಾಲಕಿ ಏನು ಮಾಡ್ತಾಳೆ ನೋಡಿ. ಹಾಳಾದ ಪುಸ್ತಕದ ದುಡ್ಡು ಕಟ್ಟಿದ ಮೇಲೆ ಪುಸ್ತಕ ಕಟ್ಟಿದವರಿಗೇ ಸೇರತ್ತೆ ಅಂತಾಳೆ. ತಂಗಿ ಗೆದ್ದೆ ಅಂತ ಕುಣಿಯೋಕೆ ಹೊರಟಾಗ, ‘ದುಡ್ಡು ಕಟ್ಟಿದ್ದು ಬೀಜಸ್, ಹಾಗಾಗಿ ಪುಸ್ತಕ ಅವಳದು’ ಅನ್ನೋ ಅರ್ಥದ ಮಾತು ಹೇಳಿ ಮುಗಿಸ್ತಾಳೆ. ಬೈಗುಳ ಇಲ್ಲ, ಉಪದೇಶ ಇಲ್ಲ. ದೊಡ್ಡ ಮಗುವಿಗೆ ನ್ಯಾಯ ಸಿಕ್ತು, ಚಿಕ್ಕ ಮಗುವಿಗೆ ಪಾಠ ಆಯ್ತು, ಎರಡೂ ಒಂದೇ ಮಾತಲ್ಲಿ. ನಾನು ಗಟ್ಟಿಯಾಗಿ ‘ಹಂಗೆ ಹೇಳು ತಾಯಿ!’ ಅಂದುಬಿಟ್ಟೆ. ಕೆಮ್ಮಿನ ಸಿರಪ್ಪಿಗೆ ಬಂದು ನಿಂತಿದ್ದ ಅಜ್ಜ ಕೆಮ್ಮೋದನ್ನೇ ನಿಲ್ಲಿಸಿ ನನ್ನ ಮುಖ ನೋಡಿದರು. ಕ್ಲಿಯರಿ ಅವರೂ ಲೇಖಕಿ ಆಗೋ ಮೊದಲು ವಾಷಿಂಗ್ಟನ್ ರಾಜ್ಯದ ಯಾಕಿಮಾದಲ್ಲಿ ಮಕ್ಕಳ ವಿಭಾಗದ ಗ್ರಂಥಪಾಲಕಿ ಆಗಿದ್ದರು. ಅಲ್ಲಿಗೆ ಬರೋ ಹುಡುಗರು ‘ನಮ್ಮಂಥ ಹುಡುಗರ ಪುಸ್ತಕ ಎಲ್ಲಿವೆ?’ ಅಂತ ಕೇಳ್ತಿದ್ದರಂತೆ. ಇಲ್ಲ ಅಂತ ಹೇಳಿ ಹೇಳಿ ಬೇಜಾರಾಗಿ ಕೊನೆಗೆ ತಾವೇ ಬರೆಯೋಕೆ ಕೂತರು. ಕೌಂಟರಿನ ಆಚೆ ನಿಂತವರನ್ನು ವರ್ಷಗಟ್ಟಲೆ ನೋಡಿದವರಿಗೆ ಮಾತ್ರ ಇಂಥ ತೀರ್ಪು ಹೊಳೆಯತ್ತೆ. ನಾನೂ ಕೌಂಟರಿನವಳೇ ಆದ್ದರಿಂದ ಸ್ವಲ್ಪ ಪಕ್ಷಪಾತ ಇದ್ದರೂ ಇರಬಹುದು.

ಮುಂದೆ ಇದೇ ಪೀಡೆ ಒಂದು ಪೆಟ್ಟಿಗೆ ಸೇಬಿನಲ್ಲಿ ಒಂದೊಂದನ್ನೂ ಒಂದೊಂದು ಕಚ್ಚು ಕಚ್ಚಿ ಎಸೀತಾಳೆ. ಯಾಕಮ್ಮಾ ಅಂದರೆ, ಮೊದಲ ಕಚ್ಚೇ ಬಹಳ ರುಚಿ! ಅವಳ ಚಿಕ್ಕಮ್ಮ ಫೋನಿನಲ್ಲಿ ಒಂದು ಉಪಾಯ ಹೇಳ್ತಾಳೆ: ಬೈಯಲೇಬೇಡಿ, ಆ ಮಾತೇ ಎತ್ತಬೇಡಿ, ಅವಳಿಗೆ ಬೇಕಾಗಿರೋದು ನಿಮ್ಮ ಗಮನ. ಸರಿ, ಅಷ್ಟೂ ಸೇಬನ್ನು ಬೇಯಿಸಿ ಒಂದು ಥರ ಗೊಜ್ಜು ಮಾಡಿ ಎಲ್ಲರೂ ತುಟಿ ಬಿಚ್ಚದೆ ತಿಂತಾರೆ. ನಮ್ಮಲ್ಲಾಗಿದ್ದರೆ ಆ ಹೊತ್ತಿಗೆ ಅಜ್ಜಿ, ಪಕ್ಕದ ಮನೆಯವರು, ಹಾಲಿನವನು ಎಲ್ಲರಿಗೂ ಸುದ್ದಿ ಮುಟ್ಟಿ, ‘ಎಷ್ಟು ಚೂಟಿ ಮಗು ನೋಡಿ’ ಅಂತ ಆಗಿರ್ತಿತ್ತು.

ನಾನು ಈ ಪುಸ್ತಕಕ್ಕೆ ಸೋತಿದ್ದು ಇದೇ ಕಾರಣಕ್ಕೆ. ತುಂಟ ಮಕ್ಕಳ ಕತೆಗಳಲ್ಲಿ ಸಾಮಾನ್ಯವಾಗಿ ತುಂಟರದೇ ದರ್ಬಾರು, ಪಕ್ಕದಲ್ಲಿ ನಿಂತ ಅಕ್ಕನೋ ಅಣ್ಣನೋ ಬರೀ ದೂರು ಹೇಳೋ ಪಾತ್ರ. ಇಲ್ಲಿ ಕತೆ ನಡೆಯೋದು ಅಕ್ಕನ ಹೊಟ್ಟೆಯೊಳಗೆ. ‘ನೀನು ದೊಡ್ಡವಳಲ್ವಾ, ಬಿಟ್ಟುಕೊಡು’ ಅನ್ನೋ ಮಾತು ಕೇಳಿ ಬೆಳೆದವರಿಗೆ ಆ ಹೊಟ್ಟೆ ಹೇಗೆ ಉರೀತಿರತ್ತೆ ಅಂತ ಬಿಡಿಸಿ ಹೇಳಬೇಕಾಗಿಲ್ಲ.

ನನ್ನದೇ ಒಂದು ಲೆಕ್ಕ ಬಾಕಿ ಇದೆ. ನಾನು ಆಗ ನಾಲ್ಕನೇ ಕ್ಲಾಸು. ಜೂನ್ ತಿಂಗಳು. ಎಲ್ಲ ಪುಸ್ತಕಕ್ಕೂ ಖಾಕಿ ಬೈಂಡ್ ಹಾಕಿ, ಲೇಬಲ್ ಹಾಳೆಯನ್ನು ನಾಳೆ ಅಂಟಿಸೋಣ ಅಂತ ಇಟ್ಟಿದ್ದೆ. ಚಿಟ್ಟೆ ಚಿತ್ರದ ಲೇಬಲ್ಲು, ಹನ್ನೆರಡು. ನಾಲ್ಕು ವರ್ಷದ ನನ್ನ ತಂಗಿ ಅವನ್ನೆಲ್ಲ ಒಯ್ದು ಹಟ್ಟಿಯಲ್ಲಿದ್ದ ಕರುವಿನ ಮೈಗೆ ಅಂಟಿಸಿದಳು. ಹೆಸರು ಅನ್ನೋ ಜಾಗದಲ್ಲಿ ಪೆನ್ಸಿಲ್ಲಿನ ಸುರುಳಿ. ಕರು ಅವಳದಂತೆ. ಅಪ್ಪಾಜಿ ನಕ್ಕೂ ನಕ್ಕೂ ಕಣ್ಣೊರೆಸಿಕೊಂಡರು. ಇವತ್ತಿಗೂ ಮದುವೆ ಮುಂಜಿ ಅಂತ ನೆಂಟರು ಸೇರಿದರೆ ಆ ಕರುವಿನ ಕತೆ ಬಂದೇ ಬರತ್ತೆ. ಮಾರನೇ ದಿನ ಲೇಬಲ್ ಇಲ್ಲದ ಪುಸ್ತಕ ಹಿಡಿದು ಹೋಗಿ ಮಿಸ್ ಹತ್ತಿರ ಬೈಸಿಕೊಂಡು ಬೆಂಚಿನ ಮೇಲೆ ನಿಂತವಳು ಯಾರು ಅಂತ ಒಬ್ಬರಾದರೂ ಕೇಳಿದ್ದಾರಾ?

ಬೀಜಕ್ಕ ಕೇಳಿದಳು ಅಂತಲೇ ನನ್ನ ಭಾವನೆ. ಕೊನೆಯ ಅಧ್ಯಾಯದಲ್ಲಿ ಅವಳಿಗೆ ಹತ್ತು ತುಂಬತ್ತೆ. ಹುಟ್ಟುಹಬ್ಬದ ಕೇಕಿನ ಹಿಟ್ಟಿಗೆ ತಂಗಿ ಮೊಟ್ಟೆಯನ್ನು ಓಡಿನ ಸಮೇತ ಹಾಕ್ತಾಳೆ. ಎರಡನೇ ಸಲ ಮಾಡಿದರೆ ಕೇಕು ಬೇಯ್ತಿರೋ ಓವನ್ನಿಗೇ ತನ್ನ ರಬ್ಬರ್ ಗೊಂಬೆಯನ್ನು ನೂಕ್ತಾಳೆ. ಮಾಟಗಾತಿಯ ಕತೆಯ ಆಟವಂತೆ ಅದು. ಅವತ್ತು ರಾತ್ರಿ ಊಟದ ಮೇಜಿನಲ್ಲಿ ಬೀಜಸ್ ಬಾಯಿಂದ ಬಂದೇಬಿಡತ್ತೆ: ತಂಗಿಯ ಮೇಲೆ ನನಗೆ ಒಂದೊಂದು ಸಲ ಪ್ರೀತಿನೇ ಇರಲ್ಲ ಅಂತ. ಅಮ್ಮ ಬೆಚ್ಚಿ ಬೀಳಲ್ಲ. ಅವರೂ ಚಿಕ್ಕಮ್ಮನೂ ಚಿಕ್ಕವರಿದ್ದಾಗ ಹೇಗೆ ಕಿತ್ತಾಡ್ತಿದ್ದರು ಅಂತ ಒಬ್ಬರ ಗುಟ್ಟು ಒಬ್ಬರು ಬಿಚ್ಚೋಕೆ ಶುರು ಮಾಡ್ತಾರೆ. ಅಷ್ಟೇ. ಅಪ್ಪಿಕೊಂಡು ಅಳೋ ಸೀನ್ ಇಲ್ಲ, ತಂಗಿ ಒಳ್ಳೆಯವಳಾಗೋದೂ ಇಲ್ಲ. ನಮ್ಮ ದೊಡ್ಡವಳು ಈ ಪುಟದ ಹತ್ತಿರ ಪುಸ್ತಕ ಮಡಚಿಟ್ಟು, ಅಡುಗೆಮನೆ ಬಾಗಿಲಲ್ಲಿ ನಿಂತು, ‘ಅಮ್ಮಾ, ಹಂಗಂದ್ರೆ ಪಾಪ ಬರಲ್ವಾ?’ ಅಂದಳು. ನಾನು ಒಗ್ಗರಣೆಗೆ ಸಾಸಿವೆ ಹಾಕ್ತಿದ್ದೆ. ಬರಲ್ಲ ಅಂದೆ. ಸರಿ ಅಂತ ಹೋಗಿ ಮುಂದೆ ಓದಿದಳು.

ಕೊರತೆಗಳೂ ಇವೆ. ಅಮ್ಮ ಹೊಲಿಗೆ, ಅಡುಗೆ ಅಂತ ಇಡೀ ದಿನ ಮನೆಯಲ್ಲೇ, ಅಪ್ಪ ದುಡಿದು ಸಂಜೆಗೆ ಬರೋದು. ಆ ಕಾಲದ ಸಂಸಾರ, ಏನೂ ಮಾಡೋಕಾಗಲ್ಲ. ಸರಣಿಯ ಮುಂದಿನ ಪುಸ್ತಕಗಳಲ್ಲಿ ಅಪ್ಪನ ಕೆಲಸ ಹೋಗತ್ತೆ, ಅಮ್ಮ ಕೆಲಸಕ್ಕೆ ಹೋಗ್ತಾಳೆ, ಅಪ್ಪ ಮತ್ತೆ ಕಾಲೇಜು ಸೇರ್ತಾರೆ. ಚಿತ್ರಕಲೆಯ ಕ್ಲಾಸಿನ ಅಧ್ಯಾಯ ನನಗೆ ಎಳೆದ ಹಾಗೆ ಅನ್ನಿಸಿತು, ಮಕ್ಕಳಿಗೆ ಅನ್ನಿಸಲಿಲ್ಲ.

ಚಿಕ್ಕವಳಿಗೆ ನಾನು ಓದ್ತಾ ಓದ್ತಾ ಕನ್ನಡದಲ್ಲಿ ಹೇಳ್ತೀನಿ. ಈ ಪುಸ್ತಕ ಹಾಗೆ ಹೇಳೋಕೆ ಸಲೀಸು. ರಮೋನಾ ಶಾಲೆಗೆ ಸೇರೋ ‘ರಮೋನಾ ದ ಪೆಸ್ಟ್’ (1968) ಮಾತ್ರ ತಲೆ ತಿನ್ನತ್ತೆ, ಯಾಕಂದರೆ ಅದರ ಜೋಕೆಲ್ಲ ಇಂಗ್ಲಿಷ್ ಪದಗಳ ಮೇಲೆ. ಟೀಚರ್ ‘ಪ್ರೆಸೆಂಟ್‌ಗೆ ಇಲ್ಲಿ ಕೂತಿರು’ ಅಂತಾರೆ, ಅಂದರೆ ಸದ್ಯಕ್ಕೆ. ಇವಳು ಪ್ರೆಸೆಂಟ್ ಕೊಡ್ತಾರೆ ಅಂತ ಕಾಯ್ತಾ ಕೂರ್ತಾಳೆ. ಅಮೆರಿಕದ ರಾಷ್ಟ್ರಗೀತೆಯಲ್ಲಿ ‘ಡಾನ್ಸ್ ಅರ್ಲಿ ಲೈಟ್’, ಅಂದರೆ ಮುಂಜಾನೆಯ ಬೆಳಕು ಅಂತ ಬರೋದನ್ನು ‘ಡಾನ್ಜರ್’ ಅನ್ನೋ ಯಾವುದೋ ದೀಪ ಅಂದುಕೊಳ್ತಾಳೆ. ಇದನ್ನು ಕನ್ನಡದಲ್ಲಿ ಹೇಗಪ್ಪಾ ಹೇಳೋದು ಅಂತ ನಾನು ತಡವರಿಸ್ತಿದ್ದಾಗ ಚಿಕ್ಕವಳು ಗಂಭೀರವಾಗಿ ಕೇಳಿದಳು, ‘ಅಮ್ಮಾ, ಪ್ರೇಯರ್‌ನಲ್ಲಿ ಬರ್ತಾರಲ್ಲ, ತನುಜಾ ಅತ್ತೆ, ಅವರು ಯಾರ ಅತ್ತೆ?’ ನಾಡಗೀತೆಯ ‘ತನುಜಾತೆ’ ಅವಳ ಕಿವಿಯಲ್ಲಿ ಯಾವತ್ತೋ ಅತ್ತೆ ಆಗಿಹೋಗಿತ್ತು. ಅನುವಾದದ ಕಷ್ಟ ಅಲ್ಲಿಗೆ ಪರಿಹಾರ ಆಯ್ತು.

ಸರಣಿಯಲ್ಲಿ ಒಟ್ಟು ಎಂಟು ಪುಸ್ತಕ. ಕೊನೆಯದು ಬಂದಿದ್ದು 1999ರಲ್ಲಿ, ಅದರಲ್ಲಿ ರಮೋನಾಗೆ ಹತ್ತು ತುಂಬತ್ತೆ. ನಾಲ್ಕರಿಂದ ಹತ್ತಾಗೋಕೆ ನಲವತ್ತನಾಲ್ಕು ವರ್ಷ! ಕ್ಲಿಯರಿ ಅವರು 2021ರಲ್ಲಿ ತೀರಿಕೊಂಡಾಗ ಅವರಿಗೆ 104. ಎಂಟೂ ಒಟ್ಟಿಗೆ ತಗೋಬೇಡಿ, ಮೊದಲು ಇದೊಂದು ತಂದು ನೋಡಿ. ಎಂಟರಿಂದ ಹನ್ನೊಂದರ ಮಕ್ಕಳು, ಇಂಗ್ಲಿಷ್ ಸುಮಾರಾಗಿ ಬಂದರೂ ಸಾಕು, ತಾವೇ ಓದಿಕೊಳ್ತಾರೆ. ಮನೆಯಲ್ಲಿ ಎರಡು ಮಕ್ಕಳಿದ್ದರೆ ಮೊದಲು ದೊಡ್ಡದರ ಕೈಗೆ ಕೊಡಿ. ಐದಕ್ಕೆ ನಾಲ್ಕೂವರೆ ಸ್ಟಾರ್. ಕಳೆದ ಅರ್ಧ ಆ ಪ್ಲಾಸ್ಟಿಕ್ ಕವರಿನದು.

ಹೋದ ತಿಂಗಳು ಬೆಂಗಳೂರಿಂದ ತಂಗಿ ಬಂದಿದ್ದಳು. ಓದಲಿ, ಸ್ವಲ್ಪ ನಾಚಿಕೆಯಾದರೂ ಆಗಲಿ ಅಂತ ಪುಸ್ತಕ ಕೊಟ್ಟು ಕಳಿಸಿದೆ. ಮೂರು ದಿನಕ್ಕೆ ಫೋನ್ ಬಂತು.

‘ಅಕ್ಕಾ, ಆ ಲೇಬಲ್ ನೀನೇ ಕೊಟ್ಟಿದ್ದಲ್ವಾ? ನೀನು ಕುಂಟೆಬಿಲ್ಲೆ ಆಡೋವಾಗ ನಾನು ಅಡ್ಡ ಬರ್ತೀನಿ ಅಂತ, ಹೋಗಿ ಕರು ಹತ್ರ ಆಡ್ಕೋ ಅಂತ ಹಾಳೆ ಕೈಗಿಟ್ಟಿದ್ದೆ.’

‘ಯಾರು ಹೇಳಿದ್ದು?’

‘ಯಾರು ಹೇಳಬೇಕು? ನಂಗೆ ನೆನಪಿದೆ. ಹತ್ತು ಲೇಬಲ್ ಇತ್ತು.’

ಹತ್ತಲ್ಲ, ಹನ್ನೆರಡು. ಕೊಡೋ ಮುಂಚೆ ನಾನೇ ಎಣಿಸಿದ್ದೆ.