ಗಂಡೋ ಹೆಣ್ಣೋ: ಬಿಯರ್ಡೆಡ್ ಡ್ರ್ಯಾಗನ್‌ಗಳ ಲಿಂಗ ಪರೀಕ್ಷೆಗೆ ಹೋಗಿದ್ದ ಸರೀಸೃಪ ಚಿಕಿತ್ಸಾಲಯದ ವಿಮರ್ಶೆ

ನಾನು ಸಾಕುತ್ತಿರುವ ಎರಡು ಬಿಯರ್ಡೆಡ್ ಡ್ರ್ಯಾಗನ್‌ಗಳನ್ನು (ಗಂಟಲಿನಲ್ಲಿ ಗಡ್ಡದಂತೆ ಉಬ್ಬುವ ಮುಳ್ಳು ಚರ್ಮವಿರುವ, ಆಸ್ಟ್ರೇಲಿಯಾ ಮೂಲದ ಹಲ್ಲಿಗಳನ್ನು) ಮಾರಿದವರು, ಮರಿಗಳಿಗೆ ಇನ್ನೂ ಆರು ವಾರವಾಗಿದ್ದಾಗಲೇ, ಎರಡೂ ಹೆಣ್ಣೆಂದು ಭರವಸೆ ಕೊಟ್ಟಿದ್ದರು. ಆ ಮಾತನ್ನು ನಂಬಿ ಅವೆರಡನ್ನೂ ಒಂದೇ ಗಾಜಿನ ಮನೆಯಲ್ಲಿ ಇಟ್ಟಿದ್ದೆ. ಒಂದು ತಿಂಗಳು ಕಳೆಯುವಷ್ಟರಲ್ಲಿ ಕಂದು ಬಣ್ಣದ ಮರಿ ತಲೆಯನ್ನು ಮೇಲೆ ಕೆಳಗೆ ಜೋರಾಗಿ ಆಡಿಸಲು ತೊಡಗಿತು. ಹಳದಿ ಮರಿ ಒಂದು ಮುಂಗಾಲನ್ನೆತ್ತಿ ನಿಧಾನವಾಗಿ ಬೀಸುತ್ತ ಮೂಲೆ ಸೇರತೊಡಗಿತು. ದೀಪದ ಕೆಳಗಿನ ಬೆಚ್ಚನೆಯ ಕಲ್ಲು ಯಾವಾಗಲೂ ಕಂದು ಮರಿಯ ಪಾಲಾಗುತ್ತಿತ್ತು. ಸಂದೇಹ ಬಂದು, ಸರೀಸೃಪಗಳನ್ನು ನೋಡುವ ಒಂದು ಪಶು ಚಿಕಿತ್ಸಾಲಯಕ್ಕೆ ಎರಡನ್ನೂ ಲಿಂಗ ಪರೀಕ್ಷೆಗೆಂದು ಒಯ್ದೆ. ಆರು ವಾರಗಳ ಅಂತರದಲ್ಲಿ ಎರಡು ಸಲ ಹೋಗಿ ಬಂದ ಅನುಭವದ ಮೇಲೆ ಈ ವಿಮರ್ಶೆಯನ್ನು ಬರೆಯುತ್ತಿದ್ದೇನೆ.

ಮೊದಲೇ ಹೇಳಿಬಿಡುತ್ತೇನೆ: ಈ ಸೇವೆಯಲ್ಲಿ ನನಗೆ ಅತ್ಯಂತ ಬೆಲೆಯುಳ್ಳದ್ದೆಂದು ಕಂಡದ್ದು ವೈದ್ಯೆ ಕೊಟ್ಟ ಉತ್ತರಕ್ಕಿಂತ ಹೆಚ್ಚಾಗಿ, ಮೊದಲ ಭೇಟಿಯಲ್ಲಿ ಒಂದು ಮರಿಯ ವಿಷಯದಲ್ಲಿ ಅವರು ಉತ್ತರ ಕೊಡಲು ಒಪ್ಪದಿದ್ದದ್ದು. ಹಣ ತೆತ್ತು ಬಂದವರಿಗೆ ಏನಾದರೊಂದು ಹೇಳಿ ಕಳುಹಿಸುವುದು ಸುಲಭ. ಅವರು ಹಾಗೆ ಮಾಡಲಿಲ್ಲ.

ಪರೀಕ್ಷೆ ನಡೆದ ರೀತಿಯನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಒಳ್ಳೆಯ ಕೈ ಯಾವುದು, ಅವಸರದ ಕೈ ಯಾವುದು ಎಂಬುದು ಅಲ್ಲೇ ತಿಳಿಯುತ್ತದೆ. ವೈದ್ಯೆ ಮೊದಲು ಮರಿಯ ತೂಕ ನೋಡಿದರು, ತಮ್ಮ ಅಂಗೈಗಳನ್ನು ಉಜ್ಜಿ ಬೆಚ್ಚಗೆ ಮಾಡಿಕೊಂಡರು, ಬಳಿಕ ಮರಿಯ ಎದೆ ಮತ್ತು ಹೊಟ್ಟೆ ಪೂರ್ತಿಯಾಗಿ ಅಂಗೈಯ ಮೇಲೆ ಒರಗುವಂತೆ ಹಿಡಿದುಕೊಂಡರು. ಬಾಲವನ್ನು ತುದಿಯಲ್ಲಿ ಮುಟ್ಟಲೇ ಇಲ್ಲ; ಬುಡದಲ್ಲಿ ಎರಡು ಬೆರಳಿಟ್ಟು ಬೆನ್ನಿನ ಕಡೆಗೆ ಮೆಲ್ಲನೆ ಎತ್ತಿದರು, ಅದೂ ಲಂಬಕೋನವನ್ನು ಮೀರದ ಹಾಗೆ. ಕೆಲವು ಹಲ್ಲಿಗಳಿಗೆ ಕಳಚಿಹೋದ ಬಾಲ ಮತ್ತೆ ಬೆಳೆಯುತ್ತದೆ, ಬಿಯರ್ಡೆಡ್ ಡ್ರ್ಯಾಗನ್‌ಗೆ ಬೆಳೆಯುವುದಿಲ್ಲ. ಬೆನ್ನುಮೂಳೆಯೇ ಬಾಲದೊಳಕ್ಕೆ ಮುಂದುವರಿದಿರುವುದರಿಂದ ಜೋರಾಗಿ ಬಗ್ಗಿಸಿದರೆ ಆಗುವ ಪೆಟ್ಟು ಸಣ್ಣದಲ್ಲ. ಮರಿ ಒದ್ದಾಡಿದ ಕೂಡಲೇ ಅವರು ಬಾಲವನ್ನು ಬಿಟ್ಟು, ಅದು ಶಾಂತವಾಗುವವರೆಗೆ ಕಾದು, ಮತ್ತೆ ಎತ್ತಿದರು.

ಹಾಗೆ ಎತ್ತಿದಾಗ ಬಾಲದ ಅಡಿಭಾಗದ ಚರ್ಮ ಬಿಗಿಯಾಗುತ್ತದೆ, ಒಳಗಿರುವುದು ಹೊರಗೆ ಉಬ್ಬಾಗಿ ಕಾಣುತ್ತದೆ. ಮಲಕ್ಕೂ ಮೊಟ್ಟೆಗೂ ಒಂದೇ ಆಗಿರುವ, ಅಡ್ಡ ಸೀಳಿನಂಥ ದ್ವಾರದಿಂದ ತುಸು ಹಿಂದೆ, ಬಾಲದ ತುದಿಯ ಕಡೆಗೆ ನೋಡಬೇಕು. ಗಂಡಿಗೆ ಹೆಮಿಪೀನಿಸ್ ಎಂಬ ಜೋಡಿ ಜನನಾಂಗಗಳು ಬಾಲದ ಬುಡದೊಳಗೆ ಎಡಕ್ಕೊಂದು ಬಲಕ್ಕೊಂದು ಮಡಚಿಕೊಂಡಿರುತ್ತವೆ. ಆದ್ದರಿಂದ ಎರಡು ಉದ್ದನೆಯ ಉಬ್ಬುಗಳೂ ಅವುಗಳ ನಡುವೆ ಒಂದು ತಗ್ಗೂ ಕಾಣುತ್ತದೆ. ಹೆಣ್ಣಿನಲ್ಲಿ ನಟ್ಟನಡುವೆ ಒಂದೇ ಒಂದು ಸಣ್ಣ ಉಬ್ಬಿರುತ್ತದೆ, ಇಲ್ಲವೇ ಬಾಲದ ಅಡಿ ಬಹುತೇಕ ಮಟ್ಟಸವಾಗಿರುತ್ತದೆ. ವೈದ್ಯೆ ಕಂದು ಮರಿಯ ಬಾಲವನ್ನು ಹಿಡಿದು ನನ್ನನ್ನು ಪಕ್ಕಕ್ಕೆ ಕರೆದು, ನಾನೇ ಆ ತಗ್ಗನ್ನು ಗುರುತಿಸುವವರೆಗೆ ಬೆಳಕನ್ನು ಬೇರೆ ಬೇರೆ ಕೋನಗಳಲ್ಲಿ ಬಿಟ್ಟು ತೋರಿಸಿದರು. ಎಷ್ಟೋ ಚಿತ್ರಗಳನ್ನು ನೋಡಿದ್ದರೂ ಆ ತಗ್ಗು ನನಗೆ ಅರ್ಥವಾದದ್ದು ಆ ದಿನವೇ. ನಂತರ ಒಂದು ಚಿಕ್ಕ ಎಲ್‌ಇಡಿ ಟಾರ್ಚನ್ನು ಬಾಲದ ಬುಡದ ಮೇಲ್ಭಾಗಕ್ಕೆ ಹಿಡಿದು ಕೆಳಗಿನಿಂದ ನೋಡಿದಾಗ, ಬೆಳಕು ಹಾಯ್ದ ಮಾಂಸದಲ್ಲಿ ನೆರಳಿನಂಥ ಎರಡು ಪಟ್ಟೆಗಳು ಸ್ಪಷ್ಟವಾಗಿ ತೋರಿದವು. ಅದು ಗಂಡು ಎಂದರು. ಕೋಣೆಯ ದೀಪವನ್ನು ಆರಿಸಿದ್ದರೆ ಇನ್ನೂ ಚೆನ್ನಾಗಿ ಕಾಣುತ್ತಿತ್ತೇನೋ.

ಹಳದಿ ಮರಿಯ ವಿಷಯ ಅಷ್ಟು ಸರಳವಾಗಿರಲಿಲ್ಲ. ಅದು ಗಾತ್ರದಲ್ಲಿ ಚಿಕ್ಕದು, ಬಾಲವೂ ತೆಳು. ನಡುವಿನಲ್ಲಿ ಒಂದೇ ಉಬ್ಬಿರುವಂತೆ ಒಮ್ಮೆ ಕಂಡರೆ, ಬಾಲವನ್ನು ತುಸು ಓರೆ ಮಾಡಿದಾಗ ಎರಡಿರುವಂತೆ ತೋರುತ್ತಿತ್ತು. ವೈದ್ಯೆ ಮೂರು ಸಲ ನೋಡಿ, ಮರಿಯನ್ನು ಪೆಟ್ಟಿಗೆಗೆ ಮರಳಿಸಿ, “ಇದರ ಬಗ್ಗೆ ಈಗ ನಾನು ಏನು ಹೇಳಿದರೂ ಅದು ಊಹೆಯಾಗುತ್ತದೆ, ಆರು ವಾರ ಬಿಟ್ಟು ಮತ್ತೆ ಕರೆತನ್ನಿ” ಎಂದರು. ಜೊತೆಗೆ, ಉತ್ತರ ಸಿಗುವವರೆಗೆ ಕಾಯದೆ ಅಂದೇ ಎರಡನ್ನೂ ಬೇರೆ ಬೇರೆ ಇಡುವಂತೆ ಸೂಚಿಸಿದರು. ಹಳದಿ ಮರಿಯೂ ಗಂಡಾಗಿದ್ದರೆ ಎರಡೂ ಕಾದಾಡಿ ಗಾಯಗೊಳ್ಳುತ್ತವೆ. ಹೆಣ್ಣಾಗಿದ್ದರೆ ಮೈಬೆಳೆಯುವ ಮೊದಲೇ ಗಂಡಿನ ಕಾಟಕ್ಕೂ ಮೊಟ್ಟೆಯ ಭಾರಕ್ಕೂ ಸಿಕ್ಕಿಕೊಳ್ಳುತ್ತದೆ. ಎರಡು ಹೆಣ್ಣುಗಳೇ ಆಗಿದ್ದರೂ ಬಲವಾದದ್ದು ಮತ್ತೊಂದನ್ನು ಶಾಖದಿಂದಲೂ ಆಹಾರದಿಂದಲೂ ದೂರವಿಡುತ್ತದೆ. ಈ ಪ್ರಾಣಿಗಳನ್ನು ಒಂಟಿಯಾಗಿಯೇ ಸಾಕಬೇಕೆಂಬ ಮಾತು ನನಗೆ ಮಾರಾಟದ ದಿನವೇ ಸಿಗಬೇಕಾಗಿತ್ತು.

ತಲೆ ಆಡಿಸುವುದು, ಕೈ ಬೀಸುವುದು, ಗಡ್ಡ ಕಪ್ಪಾಗುವುದು ಇವೆಲ್ಲ ಲಕ್ಷಣಗಳಲ್ಲವೇ ಎಂದು ಕೇಳಿದೆ. ಲಕ್ಷಣಗಳು ಹೌದು, ಸಾಕ್ಷ್ಯವಲ್ಲ ಎಂಬುದು ಅವರ ಉತ್ತರದ ಸಾರ. ಬೆಳೆದ ಗಂಡಿನ ಗಡ್ಡ ಕಡುಗಪ್ಪಾಗುವುದು ಹೆಚ್ಚು, ಆದರೆ ಹೆದರಿದ ಅಥವಾ ಕೆರಳಿದ ಹೆಣ್ಣೂ ಗಡ್ಡವನ್ನು ಕಪ್ಪಾಗಿಸುತ್ತದೆ. ಕೈ ಬೀಸುವುದು ಶರಣಾಗತಿಯ ಸಂಜ್ಞೆ. ಗಂಡು ಮರಿಗಳೂ ಅದನ್ನು ಮಾಡುತ್ತವೆ. ಅಗಲವಾದ ತಲೆಯಾಗಲಿ ದಪ್ಪನೆಯ ಬಾಲದ ಬುಡವಾಗಲಿ, ಹೋಲಿಸಿ ನೋಡಲು ಬೆಳೆದ ಪ್ರಾಣಿಗಳು ಎದುರಿಗಿದ್ದಾಗ ಮಾತ್ರ ನೆರವಿಗೆ ಬರುತ್ತವೆ. ತೊಡೆಗಳ ಒಳಭಾಗದಲ್ಲಿ ಸಾಲಾಗಿರುವ ರಂಧ್ರಗಳು ಗಂಡಿನಲ್ಲಿ ದೊಡ್ಡದಾಗಿ, ಮೇಣದಂಥ ವಸ್ತುವಿನಿಂದ ತುಂಬಿ ಉಬ್ಬಿರುತ್ತವೆ, ಹೆಣ್ಣಿನಲ್ಲಿ ಚುಕ್ಕೆಗಳಷ್ಟೇ ಇರುತ್ತವೆ. ಇದು ಒಳ್ಳೆಯ ಗುರುತೇ, ಆದರೆ ಪ್ರಾಯಕ್ಕೆ ಬರುವವರೆಗೆ ಎರಡರಲ್ಲೂ ಅವು ಅತಿ ಚಿಕ್ಕವು.

ಹಾವುಗಳಿಗೆ ಮಾಡುವಂತೆ ದ್ವಾರದೊಳಕ್ಕೆ ಸಣ್ಣ ಕಡ್ಡಿ ತೂರಿಸಿ ನೋಡಬಹುದಲ್ಲ ಎಂದೂ ಕೇಳಿದ್ದೆ. ಮರಿಗೆ ಒಳಗಾಯವಾಗುವ ಅಪಾಯವಿದೆಯೆಂದು ಹೇಳಿ ಅವರು ನಿರಾಕರಿಸಿದರು. ಅವರ ಮೇಲಿನ ನನ್ನ ವಿಶ್ವಾಸ ಗಟ್ಟಿಯಾದದ್ದು ಆ ಗಳಿಗೆಯಲ್ಲಿ.

ಇನ್ನು ರಕ್ತದಿಂದಲೋ ಜೀವಕೋಶಗಳಿಂದಲೋ ವರ್ಣತಂತುಗಳನ್ನು ಪರೀಕ್ಷಿಸಿದರೆ ಒಂದೇ ಸಲಕ್ಕೆ ತೀರ್ಮಾನವಾಗುವುದಿಲ್ಲವೇ ಎಂಬ ನನ್ನ ಪ್ರಶ್ನೆಗೆ ಸಿಕ್ಕ ವಿವರಣೆ ಈ ಇಡೀ ಅನುಭವದಲ್ಲಿ ನನ್ನನ್ನು ಅತಿ ಹೆಚ್ಚು ಬೆರಗುಗೊಳಿಸಿತು. ಮನುಷ್ಯರಲ್ಲಿ ಲಿಂಗವನ್ನು ನಿರ್ಧರಿಸುವ ವರ್ಣತಂತುಗಳು ಎರಡು ಬಗೆಯವಾಗಿರುವುದು ಗಂಡಸರಿಗೆ. ಈ ಪ್ರಾಣಿಯಲ್ಲಿ ಹಕ್ಕಿಗಳಂತೆ ಹೆಣ್ಣು ಝಡ್‌ಡಬ್ಲ್ಯೂ, ಗಂಡು ಝಡ್‌ಝಡ್. ಆದರೆ ಮೊಟ್ಟೆಗಳಿಗೆ ಸುಮಾರು 32 ಡಿಗ್ರಿ ಸೆಲ್ಸಿಯಸ್‌ಗಿಂತ ಹೆಚ್ಚಿನ ಉಷ್ಣತೆ ಸಿಕ್ಕಿದರೆ ಝಡ್‌ಝಡ್ ಭ್ರೂಣಗಳಲ್ಲಿ ಕೆಲವು ಹೆಣ್ಣಾಗಿಯೇ ಬೆಳೆಯುತ್ತವೆ, ಉಷ್ಣತೆ ಇನ್ನೂ ಏರಿದಷ್ಟೂ ಅಂಥವುಗಳ ಪಾಲು ಹೆಚ್ಚುತ್ತದೆ. ಇದನ್ನು 2007ರಲ್ಲಿ ಪ್ರಯೋಗಾಲಯದಲ್ಲಿ ತೋರಿಸಲಾಯಿತು. 2015ರಲ್ಲಿ ಆಸ್ಟ್ರೇಲಿಯಾದ ಸಂಶೋಧಕರು ಅಲ್ಲಿನ ಕಾಡಿನಲ್ಲಿಯೇ ಇಂಥ ಹೆಣ್ಣುಗಳಿರುವುದನ್ನು ವರದಿ ಮಾಡಿದರು. ಅವು ಮೊಟ್ಟೆಯಿಡುತ್ತವೆ, ಮರಿ ಮಾಡುತ್ತವೆ, ಅವುಗಳ ಮರಿಗಳಲ್ಲಿ ಡಬ್ಲ್ಯೂ ವರ್ಣತಂತುವೇ ಇಲ್ಲದ ಕಾರಣ ಮುಂದಿನ ಪೀಳಿಗೆಯಲ್ಲಿ ಗಂಡು ಹೆಣ್ಣನ್ನು ನಿರ್ಧರಿಸುವುದು ಗೂಡಿನ ಶಾಖವೊಂದೇ. ಹೀಗಿರುವಾಗ ವರ್ಣತಂತು ಗಂಡೆನ್ನುವ ಪ್ರಾಣಿ ಮೊಟ್ಟೆ ಕಟ್ಟಿಕೊಂಡು ಸಂಕಟಪಡಬಹುದು. ಸಾಕುವವರಿಗೆ ಬೇಕಾದದ್ದು ದೇಹ ಏನು ಮಾಡಲಿದೆ ಎಂಬ ತಿಳಿವಳಿಕೆ. ಅದಕ್ಕೆ ಬಾಲದ ಬುಡವನ್ನು ಕಣ್ಣಿನಿಂದ ನೋಡುವ ಪರೀಕ್ಷೆ, ಬೆಳೆದ ಮೇಲೆ ಅಗತ್ಯಬಿದ್ದರೆ ಅಲ್ಟ್ರಾಸೌಂಡ್ ಸಾಕು ಎಂದು ಅವರು ಹೇಳಿದ್ದು ನನಗೆ ಪೂರ್ತಿ ಒಪ್ಪಿಗೆಯಾಯಿತು.

ಎರಡನೆಯ ಭೇಟಿ ಬೇಗ ಮುಗಿಯಿತು. ಹಳದಿ ಮರಿ ಅಷ್ಟರಲ್ಲಿ ಮೈತುಂಬಿಕೊಂಡಿತ್ತು. ಬಾಲದ ಅಡಿಯಲ್ಲಿ ನಡುವಿನ ಒಂದೇ ಉಬ್ಬು ಯಾವ ಕೋನದಿಂದ ನೋಡಿದರೂ ಒಂದಾಗಿಯೇ ಉಳಿಯಿತು, ಟಾರ್ಚಿನ ಬೆಳಕಿನಲ್ಲಿ ಜೋಡಿ ನೆರಳುಗಳಿರಲಿಲ್ಲ. ಹೆಣ್ಣೆಂದು ದಾಖಲಿಸಿ, ಒಂದು ವರ್ಷ ತುಂಬುವ ಹೊತ್ತಿಗೆ ತೊಡೆಯ ರಂಧ್ರಗಳನ್ನು ನೋಡಿ ಮತ್ತೊಮ್ಮೆ ದೃಢಪಡಿಸಿಕೊಳ್ಳಲು ಹೇಳಿದರು. ಬಳಿಕ ಅವರು ಕೊಟ್ಟ ಹತ್ತು ನಿಮಿಷದ ಸಲಹೆಯೇ ಈ ಪರೀಕ್ಷೆಯ ನಿಜವಾದ ಫಲ. ಗಂಡು ಜೊತೆಗಿಲ್ಲದಿದ್ದರೂ ಹೆಣ್ಣು ಮೊಟ್ಟೆಯಿಡಬಹುದು, ಒಂದು ಸಲಕ್ಕೆ 20ರ ಆಸುಪಾಸು ಮೊಟ್ಟೆಗಳಿರುವುದು ವಿಶೇಷವಲ್ಲ. ಅಗೆಯಲು ತಕ್ಕ ಜಾಗ ಸಿಗದಿದ್ದರೆ, ಮೈಯಲ್ಲಿ ಕ್ಯಾಲ್ಸಿಯಂ ಕಡಿಮೆಯಿದ್ದರೆ, ಮೊಟ್ಟೆಗಳು ಒಳಗೇ ಸಿಕ್ಕಿಕೊಂಡು ಪ್ರಾಣಕ್ಕೆ ಎರವಾಗಬಹುದು. ಹೀಗಾಗಿ ಅದರ ಮೈ ಪೂರ್ತಿ ಮರೆಯಾಗುವಷ್ಟು ಆಳಕ್ಕೆ ಒದ್ದೆ ಮರಳು ಮಣ್ಣು ತುಂಬಿದ ತೊಟ್ಟಿಯನ್ನು ಮೊದಲೇ ಸಿದ್ಧವಿಡಬೇಕು, ಪ್ರತಿವಾರ ತೂಕ ಬರೆದಿಡಬೇಕು, ಹೊಟ್ಟೆ ಉಬ್ಬಿ, ಅಗೆದು ಅಗೆದು ಏನೂ ಇಡದೆ ಸೊರಗಿದರೆ ತಡಮಾಡದೆ ಕರೆತರಬೇಕು. ತಪ್ಪಾಗಿ ಗಂಡೆಂದು ತಿಳಿದ ಹೆಣ್ಣಿಗೆ ಈ ತೊಟ್ಟಿಯನ್ನು ಯಾರೂ ಇಡುವುದಿಲ್ಲ. ಆ ಯೋಚನೆ ಬಂದಾಗಲೆಲ್ಲ, ಆರು ವಾರದ ಮರಿಯ ಲಿಂಗವನ್ನು ಎದೆತಟ್ಟಿ ಹೇಳಿ ಮಾರುವವರ ಮೇಲೆ ನನಗೆ ಕೋಪ ಬರುತ್ತದೆ.

ಕೊರತೆಗಳೂ ಇವೆ. ಕಾಯುವ ಕೋಣೆ ನಾಯಿ, ಬೆಕ್ಕು, ಹಲ್ಲಿ ಎಲ್ಲಕ್ಕೂ ಒಂದೇ. ಬೊಗಳುವ ಸದ್ದಿಗೆ ಗಂಡು ಮರಿಯ ಗಡ್ಡ ಕಪ್ಪಾಗಿ, ಪರೀಕ್ಷೆಯ ಹೊತ್ತಿಗೆ ಅದು ಮೈಯುಬ್ಬಿಸಿ ಸೆಟೆದುಕೊಂಡಿತ್ತು, ಅದನ್ನು ಸಮಾಧಾನಪಡಿಸಲು ಸಾಕಷ್ಟು ಸಮಯ ಹೋಯಿತು. ಮೊದಲ ಭೇಟಿಯ ಲಿಖಿತ ವರದಿಯಲ್ಲಿ ಹಳದಿ ಮರಿಯ ಮುಂದೆ ಒಂದು ಪ್ರಶ್ನಾರ್ಥಕ ಚಿಹ್ನೆ ಮಾತ್ರ ಇತ್ತು. ಏಕೆ ನಿರ್ಧರಿಸಲಾಗಲಿಲ್ಲ ಎಂಬುದನ್ನು ಎರಡು ಸಾಲಿನಲ್ಲಾದರೂ ಬರೆದಿದ್ದರೆ, ಮುಂದೆ ಬೇರೆ ವೈದ್ಯರು ನೋಡುವಾಗ ಉಪಯೋಗವಾಗುತ್ತಿತ್ತು. ಬಾಲದ ಅಡಿಭಾಗದ ಫೋಟೋಗಳನ್ನು ಅವರು ತೆಗೆದಿದ್ದರೂ ನಾನಾಗಿ ಕೇಳಿದ ಮೇಲೆಯೇ ಕೊಟ್ಟರು. ಇಂಥ ಪರೀಕ್ಷೆಗೆ ಹೋಗುವವರು ದಿನದ ಮೊದಲ ಸಮಯವನ್ನೇ ಕೇಳಿ ಪಡೆಯುವುದು ಒಳ್ಳೆಯದು. ಮರಿಯನ್ನು ಬಟ್ಟೆ ಹೊದಿಸಿದ ಬೆಚ್ಚನೆಯ ಪೆಟ್ಟಿಗೆಯಲ್ಲಿ ಒಯ್ಯಿರಿ, ಫೋಟೋಗಳನ್ನು ದಿನಾಂಕದೊಂದಿಗೆ ಕೇಳಿ ಇಟ್ಟುಕೊಳ್ಳಿ. ಎರಡನೆಯ ಸಲ ಹೋದಾಗ ಹಳೆಯ ಚಿತ್ರವನ್ನು ಹೊಸ ಚಿತ್ರದ ಪಕ್ಕ ಇಟ್ಟು ನೋಡಿದ್ದರಿಂದಲೇ ನನಗೂ ಆ ಒಂಟಿ ಉಬ್ಬು ನಿಸ್ಸಂದೇಹವಾಗಿ ಕಂಡದ್ದು.