ಡಿಟಲಿನಿ ಪಾಸ್ತಾ: ಅರ್ಧ ಗಂಟೆಯ ಚಿಕನ್ ಸೂಪಿಗೆ ಇದು ಸರಿ, ಪ್ಯಾಕೆಟ್ ಮೇಲಿನ ವಿಧಾನ ಸರಿಯಿಲ್ಲ

ಮೊದಲೇ ಹೇಳಿಬಿಡುತ್ತೇನೆ, ಈ ಪಾಸ್ತಾ ನನಗೆ ತುಂಬಾ ಇಷ್ಟವಾಗಿದೆ. 500 ಗ್ರಾಂ ಪ್ಯಾಕೆಟ್ ಒಂದು ಪೂರ್ತಿ ಖಾಲಿಯಾಗಿದೆ, ಎರಡನೆಯದನ್ನು ಒಡೆದಿದ್ದೇನೆ. ಆದರೆ ಪ್ಯಾಕೆಟ್ಟಿನ ಹಿಂದೆ ಅಚ್ಚು ಹಾಕಿರುವ ಸೂಪ್ ವಿಧಾನವನ್ನು ನಂಬಿ ಮಾಡಿದ ಮೊದಲ ಸಲ ಇಡೀ ಪಾತ್ರೆ ಹಾಳಾಯಿತು. ಅದಕ್ಕೇ ಇಷ್ಟು ವಿವರವಾಗಿ ಬರೆಯುತ್ತಿದ್ದೇನೆ.

ಡಿಟಲಿನಿ ಅಂದರೆ ತುಂಡು ಕೊಳವೆಯಂಥ ಪಾಸ್ತಾ. ಕಿರುಬೆರಳ ಉಗುರಿನಷ್ಟು ಗಾತ್ರ, ನಡುವೆ ತೂತು. ಹೊಲಿಯುವಾಗ ಸೂಜಿ ಚುಚ್ಚದಿರಲಿ ಅಂತ ಬೆರಳ ತುದಿಗೆ ಹಾಕಿಕೊಳ್ಳುವ ಪುಟ್ಟ ಟೋಪಿ ಇದೆಯಲ್ಲ, ಇಟಲಿಯ ಭಾಷೆಯಲ್ಲಿ ಅದರ ಹೆಸರೇ ಇದಕ್ಕೂ ಬಂದಿದೆ. ಸೂಪಿಗೆ ಹಾಕುವ ಸಣ್ಣ ಪಾಸ್ತಾಗಳದ್ದೇ ಒಂದು ಬಳಗ ಇದೆ. ಅಕ್ಕಿಕಾಳಿನಂತೆ ಕಾಣುವ ಓರ್ಜೋ, ನಕ್ಷತ್ರದ ಆಕಾರದ ಸ್ಟೆಲ್ಲಿನೆ, ಮೆಣಸಿನಕಾಳಿನಷ್ಟೇ ಇರುವ ಅಚಿನಿ ದಿ ಪೆಪೆ, ಎಲ್ಲ ಆ ಬಳಗದವೇ.

ಇದಕ್ಕೆ ಮುಂಚೆ ನಾನು ಸೂಪಿಗೆ ಹಾಕುತ್ತಿದ್ದದ್ದು ಬಾಗಿದ ಮ್ಯಾಕರೋನಿ, ಇಲ್ಲದಿದ್ದರೆ ಮುರಿದ ಸ್ಪಗೆಟ್ಟಿ. ಮ್ಯಾಕರೋನಿ ಬೆಂದ ಮೇಲೆ ಚಮಚದಲ್ಲಿ ಎರಡು ಕೂತರೆ ಮುಗೀತು, ಚಿಕನ್ನಿಗೆ ಜಾಗವೇ ಇಲ್ಲ. ಸ್ಪಗೆಟ್ಟಿ ತುಂಡು ಚಮಚದಿಂದ ಜಾರಿ ಮತ್ತೆ ಬಟ್ಟಲಿಗೇ ಬೀಳುತ್ತದೆ, ಬೀಳುವಾಗ ಅಂಗಿಗೂ ಸಿಡಿಯುತ್ತದೆ. ಡಿಟಲಿನಿ ಹಾಗಲ್ಲ. ಒಂದು ಚಮಚದಲ್ಲಿ ನಾಲ್ಕೈದು ಬಳೆ, ಒಂದು ಎಳೆ ಚಿಕನ್, ಒಂದು ಚೂರು ಕ್ಯಾರೆಟ್, ಮೇಲೆ ಇಷ್ಟು ತಿಳಿ ಸಾರು, ಎಲ್ಲವೂ ಒಟ್ಟಿಗೆ ಬಾಯಿಗೆ ಬರುತ್ತದೆ. ಕ್ಯಾರೆಟ್ಟನ್ನೂ ಅದೇ ಗಾತ್ರಕ್ಕೆ ಹೆಚ್ಚಿದರೆ ಇನ್ನೂ ಚೆನ್ನ. ಕಚ್ಚಿದಾಗ ತೂತಿನೊಳಗೆ ನಿಂತ ಬಿಸಿ ಸಾರು ನಾಲಿಗೆ ಮೇಲೆ ಒಡೆಯುತ್ತದಲ್ಲ, ಬೇರೆ ಯಾವ ಆಕಾರದಲ್ಲೂ ನನಗೆ ಆ ಸುಖ ಸಿಕ್ಕಿಲ್ಲ.

ಈಗ ದೂರಿಗೆ ಬರುತ್ತೇನೆ. ಪ್ಯಾಕೆಟ್ ಹೇಳುವುದು ಹೀಗೆ: ಒಂದು ಲೀಟರ್ ಕುದಿಯುವ ಸಾರಿಗೆ 200 ಗ್ರಾಂ ಪಾಸ್ತಾ ಸುರಿದು 10 ನಿಮಿಷ ಬೇಯಿಸಿ. ನಾನು ಹಾಗೇ ಮಾಡಿದೆ. ಮೊದಲ ಬಟ್ಟಲು ಪರವಾಗಿಲ್ಲ ಅನ್ನುವ ಹಾಗಿತ್ತು. ಅರ್ಧ ಗಂಟೆ ಬಿಟ್ಟು ಊಟಕ್ಕೆ ಬಂದವರಿಗೆ ಬಡಿಸಲು ಹೋದರೆ ಪಾತ್ರೆಯಲ್ಲಿ ಸಾರೇ ಇಲ್ಲ, ಬಳೆಗಳೆಲ್ಲ ಊದಿಕೊಂಡು ಒಂದಕ್ಕೊಂದು ಅಂಟಿ ಕೂತಿವೆ. ಉಳಿದದ್ದನ್ನು ಫ್ರಿಜ್ಜಿಗೆ ಇಟ್ಟೆ. ಬೆಳಗ್ಗೆ ತೆಗೆದರೆ ಗಟ್ಟಿ ಮುದ್ದೆ, ಸೌಟು ನೆಟ್ಟರೆ ನೆಟ್ಟಗೆ ನಿಲ್ಲುತ್ತಿತ್ತು. ನೀರು ಹಾಕಿ ಬಿಸಿ ಮಾಡಿದೆ, ಗಂಜಿಯಾಯಿತು. ಅಷ್ಟು ಒಳ್ಳೆಯ ಚಿಕನ್ ಅದರೊಳಗೆ ಹೂತು ಹೋಗಿತ್ತು, ನಿಜಕ್ಕೂ ಬೇಜಾರಾಯಿತು.

ಯಾಕೆ ಹೀಗಾಗುತ್ತದೆ ಅಂದರೆ, ಒಣ ಪಾಸ್ತಾ ಬೇಯುವಷ್ಟರಲ್ಲಿ ಹೆಚ್ಚುಕಡಿಮೆ ತನ್ನ ತೂಕದಷ್ಟೇ ನೀರು ಕುಡಿಯುತ್ತದೆ. 200 ಗ್ರಾಂ ಹಾಕಿದರೆ ಲೀಟರಿನಲ್ಲಿ ಐದನೇ ಒಂದು ಭಾಗ ಅಲ್ಲೇ ಹೋಯಿತು. ಒಲೆ ಆರಿಸಿದರೂ ಅದು ಕುಡಿಯುವುದನ್ನು ನಿಲ್ಲಿಸುವುದಿಲ್ಲ, ಸಾರಿನಲ್ಲಿ ಇರುವಷ್ಟು ಹೊತ್ತೂ ಹೀರುತ್ತಲೇ ಇರುತ್ತದೆ. ಜೊತೆಗೆ ಅದು ಬಿಟ್ಟ ಗಂಜಿ ಸಾರನ್ನು ಮಂದ ಮಾಡುತ್ತದೆ. ಹಗುರ ಸೂಪ್ ಬೇಕು ಅನ್ನುವವರಿಗೆ ಬೇಡದೇ ಇರುವುದು ಇದೊಂದೇ ಅಲ್ವಾ? ಮಾಡಿದ ತಕ್ಷಣ ಎಲ್ಲರೂ ಕೂತು ಪಾತ್ರೆ ಖಾಲಿ ಮಾಡುವುದಾದರೆ ಸರಿ. ಇಲ್ಲದಿದ್ದರೆ ಈ ವಿಧಾನ ಬೇಡವೇ ಬೇಡ.

ನಾಲ್ಕೈದು ಸಲ ಮಾಡಿ ನೋಡಿದ ಮೇಲೆ ನನಗೆ ಕೂಡಿ ಬಂದ ಅಳತೆ ಲೀಟರಿಗೆ 70 ಗ್ರಾಂ. ಮೂರು ಜನಕ್ಕೆ ಸಾಕು. ಪಾಸ್ತಾವನ್ನು ಬೇರೆ ಪಾತ್ರೆಯಲ್ಲಿ, ಉಪ್ಪು ನೀರಿನಲ್ಲಿ, ಪ್ಯಾಕೆಟ್ ಹೇಳಿದ್ದಕ್ಕಿಂತ ಒಂದು ನಿಮಿಷ ಕಡಿಮೆ ಬೇಯಿಸಿ ಸೋಸಿಕೊಳ್ಳುತ್ತೇನೆ. ದೊಡ್ಡ ತೂತಿನ ಜರಡಿ ಬೇಡ, ಸಣ್ಣ ಬಳೆಗಳು ಅದರಲ್ಲಿ ಸಿಕ್ಕಿಕೊಳ್ಳುತ್ತವೆ. ಬಟ್ಟಲಿಗೆ ಮೊದಲು ಪಾಸ್ತಾ, ಅದರ ಮೇಲೆ ಚಿಕನ್, ಆಮೇಲೆ ಕುದಿ ಸಾರು. ಒಂದು ಪಾತ್ರೆ ಜಾಸ್ತಿ ತೊಳೆಯಬೇಕು, ನಿಜ. ಆದರೂ ಸಾರು ಕೊನೆಯವರೆಗೂ ತಿಳಿಯಾಗಿ, ಹೊನ್ನಿನ ಬಣ್ಣದಲ್ಲಿ ಉಳಿಯುತ್ತದೆ.

ಇನ್ನು ಚಿಕನ್. ಬೇಗ ಆಗಬೇಕು ಅಂದರೆ ಮೂಳೆ ಇಲ್ಲದ 300 ಗ್ರಾಂ ಸಾಕು, ಎದೆಭಾಗವಾದರೂ ಸರಿ, ತೊಡೆಯಾದರೂ ಸರಿ. ತೊಡೆಗೆ ರುಚಿ ಜಾಸ್ತಿ, ಎರಡು ನಿಮಿಷ ಹೆಚ್ಚು ಬೆಂದರೂ ಗಟ್ಟಿಯಾಗುವುದಿಲ್ಲ. ಹಸಿ ಚಿಕನ್ನನ್ನು ನಲ್ಲಿ ಕೆಳಗೆ ಹಿಡಿದು ತೊಳೆಯುವ ಅಭ್ಯಾಸ ಇದ್ದರೆ ದಯವಿಟ್ಟು ಬಿಡಿ. ಹನಿ ಸಿಡಿದು ಕ್ಯಾಂಪಿಲೋಬ್ಯಾಕ್ಟರ್‌ನಂಥ ಬ್ಯಾಕ್ಟೀರಿಯಾ ಸಿಂಕಿಗೂ ಪಕ್ಕದ ತರಕಾರಿಗೂ ಹರಡುತ್ತವೆ. ಅವನ್ನು ಕೊಲ್ಲುವುದು ಬಿಸಿ, ನೀರಲ್ಲ.

ಒಂದು ಚಮಚ ಎಣ್ಣೆಯಲ್ಲಿ ಈರುಳ್ಳಿ, ಕ್ಯಾರೆಟ್, ಸೆಲರಿಯನ್ನು ಸಣ್ಣ ಉರಿಯಲ್ಲಿ ಐದು ನಿಮಿಷ ಬಾಡಿಸಿ. ಕೆಂಪಗಾಗುವುದು ಬೇಡ. ಎರಡು ಎಸಳು ಬೆಳ್ಳುಳ್ಳಿ, ಒಂದು ಬೇ ಎಲೆ, ಲೀಟರ್ ನೀರು. ಅದಕ್ಕೆ ಚಿಕನ್ನನ್ನು ಕತ್ತರಿಸದೆ ಇಡಿಯಾಗಿಯೇ ಹಾಕಿ. ಮೇಲೆ ಬೂದು ಬಣ್ಣದ ನೊರೆ ಬರುತ್ತದೆ, ಚಮಚದಲ್ಲಿ ತೆಗೆದುಬಿಡಿ. ಇಲ್ಲಿಂದ ಮುಂದೆ ಉರಿಯ ಮೇಲೆ ಕಣ್ಣಿರಲಿ. ಕೊತಕೊತ ಕುದಿಯಬಾರದು, ಅಂಚಿನಲ್ಲಿ ಒಂದೊಂದೇ ಗುಳ್ಳೆ ಏಳುತ್ತಿರಬೇಕು, ಅಷ್ಟೇ. ಜೋರಾಗಿ ಕುದಿಸಿದರೆ ಮೇಲಿನ ಜಿಡ್ಡು ಸಣ್ಣ ಸಣ್ಣ ಹನಿಯಾಗಿ ಒಡೆದು ಸಾರಿನೊಳಗೆ ಸೇರಿ ಅದನ್ನು ಬಿಳಿಚು ಮಾಡುತ್ತದೆ, ಮಾಂಸವೂ ಬಿಗಿದುಕೊಂಡು ರಸ ಬಿಟ್ಟುಬಿಡುತ್ತದೆ.

ಸಾಧಾರಣ ದಪ್ಪದ ಎದೆಭಾಗದ ತುಂಡು 15 ನಿಮಿಷದ ಆಸುಪಾಸಿನಲ್ಲಿ ಬೇಯುತ್ತದೆ. ತಾಪಮಾಪಕ ಇದ್ದರೆ ತುಂಡಿನ ನಡುಭಾಗ 74 ಡಿಗ್ರಿ ಸೆಲ್ಸಿಯಸ್ ತೋರಿಸಿದ ಕೂಡಲೇ ತೆಗೆಯಿರಿ. ಐದು ನಿಮಿಷ ತಟ್ಟೆಯಲ್ಲಿ ಸುಮ್ನೆ ಬಿಡಿ, ಆಮೇಲೆ ಎರಡು ಫೋರ್ಕ್ ಹಿಡಿದು ನಾರಿನ ದಿಕ್ಕಿನಲ್ಲಿ ಎಳೆಯಿರಿ. ಸರಿಯಾಗಿ ಬೆಂದಿದ್ದರೆ ಎಳೆ ಎಳೆಯಾಗಿ ಬಿಡಿಸಿಕೊಳ್ಳುತ್ತದೆ, ಪ್ರತಿ ಎಳೆಯೂ ಒದ್ದೆಯಾಗಿ ಹೊಳೆಯುತ್ತಿರುತ್ತದೆ, ತಟ್ಟೆಯಲ್ಲಿ ಒಂದು ಚಮಚದಷ್ಟು ತಿಳಿ ರಸ ನಿಂತಿರುತ್ತದೆ. ಆ ರಸವನ್ನು ಚೆಲ್ಲಬೇಡಿ, ಸಾರಿಗೇ ಸೇರಿಸಿ. ಸಾರಿನಲ್ಲೇ ಅರ್ಧ ಗಂಟೆ ಬಿಟ್ಟ ತುಂಡು ಹೀಗೆ ಬರುವುದಿಲ್ಲ, ಒಣಗಿದ ನಾರು ಹಲ್ಲಿಗೆ ಸಿಕ್ಕುತ್ತದೆ.

ಬರೀ ನೀರಿನಲ್ಲಿ 20 ನಿಮಿಷ ಬೆಂದ ಚಿಕನ್ನಿನ ಸಾರು ತೆಳು ಅನ್ನಿಸಬಹುದು. ಮೂಳೆ, ಕೀಲು, ಚರ್ಮದಲ್ಲಿರುವ ಕಾಲಜನ್ ಅನ್ನುವ ಪ್ರೋಟೀನ್ ಕರಗಿ ಜೆಲಟಿನ್ ಆದರೆ ಮಾತ್ರ ನಾಲಿಗೆಗೆ ಆ ನುಣುಪು ಸಿಗುವುದು, ಅದಕ್ಕೆ ಗಂಟೆಗಟ್ಟಲೆ ಹೊತ್ತು ಬೇಕು. ಬಿಡುವಿದ್ದ ದಿನ ಮೂಳೆ ಸಾರು ಮಾಡಿ ಸೋಸಿ ಫ್ರೀಜರಿನಲ್ಲಿ ಇಟ್ಟುಕೊಂಡರೆ ಅದಕ್ಕಿಂತ ಒಳ್ಳೆಯದಿಲ್ಲ. ಇಲ್ಲದ ದಿನ ನಾನು ಸ್ಟಾಕ್ ಕ್ಯೂಬ್, ಅಂದರೆ ಸಾರಿನ ರುಚಿ ಕೊಡುವ ಒಣ ಬಿಲ್ಲೆ, ಹಾಕುತ್ತೇನೆ, ಆದರೆ ಲೀಟರಿಗೆ ಅರ್ಧವೇ. ಸಾಮಾನ್ಯವಾಗಿ ಕ್ಯೂಬಿನ ತೂಕದಲ್ಲಿ ಅರ್ಧದಷ್ಟು ಉಪ್ಪೇ ಇರುತ್ತದೆ, 10 ಗ್ರಾಂ ಕ್ಯೂಬ್ ಅಂದರೆ 5 ಗ್ರಾಂ ಆಸುಪಾಸು. ದೊಡ್ಡವರು ಇಡೀ ದಿನಕ್ಕೆ ತಿನ್ನುವ ಉಪ್ಪು 5 ಗ್ರಾಮಿಗಿಂತ ಕಡಿಮೆ ಇರಲಿ ಅಂತ ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಆದ್ದರಿಂದ ಬೇರೆ ಉಪ್ಪನ್ನು ಕೊನೆಗೆ, ರುಚಿ ನೋಡಿಯೇ ಹಾಕಿ. ಒಲೆ ಆರಿಸಿದ ಮೇಲೆ ಅರ್ಧ ನಿಂಬೆಹಣ್ಣು ಹಿಂಡಿ, ಆಗಷ್ಟೇ ಕುಟ್ಟಿದ ಕಾಳುಮೆಣಸು ಉದುರಿಸಿ. ನಿಂಬೆ ಬಿದ್ದರೆ ಉಪ್ಪು ಕಡಿಮೆ ಇದ್ದದ್ದು ಗೊತ್ತೇ ಆಗುವುದಿಲ್ಲ.

ಪಾಸ್ತಾ ಕೊಳ್ಳುವವರಿಗೆ ಇನ್ನೊಂದು ಮಾತು. ಡ್ಯೂರಮ್ ಗೋಧಿಯ ರವೆ ಮತ್ತು ನೀರು, ಇವೆರಡು ಬಿಟ್ಟು ಬೇರೇನೂ ಬೇಕಿಲ್ಲ. ಈ ಗೋಧಿಯಲ್ಲಿ ಪ್ರೋಟೀನ್ ಜಾಸ್ತಿ, ಅದಕ್ಕೇ ಬೆಂದರೂ ಆಕಾರ ಕೆಡುವುದಿಲ್ಲ. ನನ್ನ ಪ್ಯಾಕೆಟ್ ಮೇಲೆ 100 ಗ್ರಾಮಿಗೆ 13 ಗ್ರಾಂ ಅಂತಿದೆ. ಕಂಚಿನ ಅಚ್ಚಿನಲ್ಲಿ ಒತ್ತಿದ್ದು ಅಂತ ಬರೆದ ಪ್ಯಾಕೆಟ್ಟುಗಳೂ ಸಿಗುತ್ತವೆ. ಅವುಗಳ ಮೈ ತರಿತರಿ, ಹಿಟ್ಟು ಉದುರಿಸಿದ ಹಾಗೆ ಕಾಣುತ್ತದೆ, ಸಾಸ್ ಚೆನ್ನಾಗಿ ಹಿಡಿಯುತ್ತದೆ. ಎಲ್ಲರೂ ಅದೇ ಶ್ರೇಷ್ಠ ಅನ್ನುತ್ತಾರೆ, ಸಾಸಿನ ಪಾಸ್ತಾಕ್ಕೆ ನಾನೂ ಒಪ್ಪುತ್ತೇನೆ. ತಿಳಿ ಸೂಪಿಗೆ ಮಾತ್ರ ನನ್ನ ಆಯ್ಕೆ ನುಣ್ಣಗಿರುವ, ಹಳದಿ ಹೊಳಪಿನ ಸಾದಾ ಡಿಟಲಿನಿ. ತರಿಮೈಯದ್ದು ಗಂಜಿ ಜಾಸ್ತಿ ಬಿಡುತ್ತದೆ. ಪ್ಯಾಕೆಟ್ಟಿನ ತಳದಲ್ಲಿ ಉಳಿಯುವ ಪುಡಿಯನ್ನೂ ಸೂಪಿಗೆ ಹಾಕಬೇಡಿ.

ಓರ್ಜೋ ಹಾಕಿಯೂ ಮಾಡಿದ್ದೇನೆ. ರುಚಿ ಚೆನ್ನಾಗಿದೆ, ಆದರೆ ಬಟ್ಟಲಿನ ತಳಕ್ಕೆ ಹೋಗಿ ಕೂತುಬಿಡುತ್ತದೆ. ಗಂಟಲು ಕೆಟ್ಟವರಿಗೆ, ಪುಟ್ಟ ಮಕ್ಕಳಿಗೆ ಸ್ಟೆಲ್ಲಿನೆ ಒಳ್ಳೆಯದು, ಅಗಿಯುವ ಕೆಲಸವೇ ಇಲ್ಲ. ಒಂದು ಹೊತ್ತಿನ ಊಟವಾಗಿ ಹೊಟ್ಟೆ ತುಂಬಬೇಕು ಅಂದರೆ ಡಿಟಲಿನಿಗೇ ನನ್ನ ಮತ.

ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿ. ಸಾರು ಮತ್ತು ಚಿಕನ್ ಒಂದು ಡಬ್ಬಿ, ಎರಡು ಹನಿ ಎಣ್ಣೆ ಸವರಿದ ಪಾಸ್ತಾ ಇನ್ನೊಂದು ಡಬ್ಬಿ. ಮೂರು ದಿನದೊಳಗೆ ಮುಗಿಸಿ, ಪ್ರತಿ ಸಲವೂ ಸಾರನ್ನು ಚೆನ್ನಾಗಿ ಕುದಿ ಬರಿಸಿಯೇ ಬಡಿಸಿ. ಸಾರನ್ನು ಫ್ರೀಜರಿನಲ್ಲೂ ಇಡಬಹುದು. ಪಾಸ್ತಾ ಬೇಡ, ಕರಗಿದಾಗ ಮೆತ್ತಗಾಗಿ ಒಡೆಯುತ್ತದೆ.

ಪ್ಯಾಕೆಟ್ ಒಮ್ಮೆ ಒಡೆದರೆ ಮತ್ತೆ ಮುಚ್ಚಲು ಬರುವುದಿಲ್ಲ, ಅದೊಂದು ಸಣ್ಣ ಕೊರತೆ. ನಾನು ಗಾಜಿನ ಡಬ್ಬಿಗೆ ಸುರಿದಿಟ್ಟಿದ್ದೇನೆ. ಮುಚ್ಚಳದ ಮೇಲೆ ಚೀಟಿ ಅಂಟಿಸಿದ್ದೇನೆ, ಮನೆಯಲ್ಲಿ ಯಾರು ಸೂಪ್ ಮಾಡಿದರೂ ಕಾಣಲಿ ಅಂತ: ಲೀಟರಿಗೆ 70 ಗ್ರಾಂ, ಬೇರೆ ಪಾತ್ರೆಯಲ್ಲಿ.