ಆಕ್ಸಿಡೆಂಟ್ ಕ್ಲೇಮ್ ಮಾಡಿಸಿಕೊಡ್ತೀನಿ ಅಂತ ಬಂದವನ ಕಾಗದಕ್ಕೆ ಸಹಿ ಹಾಕಬೇಡಿ

ದಯವಿಟ್ಟು ಪೂರ್ತಿ ಓದಿ. ನಿಮ್ಮ ಮನೆಯಲ್ಲಿ ಯಾರಾದರೂ ರಸ್ತೆ ಅಪಘಾತದಲ್ಲಿ ತೀರಿಕೊಂಡು, ಪರಿಹಾರದ ಕೇಸ್ ಇನ್ನೂ ಹಾಕಿಲ್ಲ ಅಂದ್ರೆ ಇದು ನಿಮಗೇ ಬರೆದದ್ದು. ನಾವು ಮೋಸ ಹೋದೆವು. ಸಹಿ ಹಾಕಿದ್ದು ನನ್ನ ಅತ್ತಿಗೆ. ಹಾಕಿ ಅಂದಿದ್ದು ನಾನು.

ಹೋದ ವರ್ಷ ಶುರುವಿನಲ್ಲಿ ಅಣ್ಣ ಕೆಲಸ ಮುಗಿಸಿ ಬೈಕಿನಲ್ಲಿ ಬರ್ತಿದ್ದ. ಹಿಂದಿನಿಂದ ಲಾರಿ ಗುದ್ದಿತು. ಸ್ಥಳದಲ್ಲೇ ಹೋಗಿಬಿಟ್ಟ. ಅವನಿಗೆ 38 ವರ್ಷ. ಅತ್ತಿಗೆ, ಇಬ್ಬರು ಮಕ್ಕಳು, ಅಮ್ಮ, ನಾಲ್ಕೂ ಜನ ಅವನ ಸಂಬಳವನ್ನೇ ನಂಬಿದ್ದವರು.

ಶವಾಗಾರದ ಹೊರಗೆ ಒಬ್ಬ ಮನುಷ್ಯ ನೀರಿನ ಬಾಟಲಿ ತಂದುಕೊಟ್ಟ. ಪೋಸ್ಟ್‌ಮಾರ್ಟಂ ಬೇಗ ಆಗೋ ಹಾಗೆ ಓಡಾಡಿದ. ಆಸ್ಪತ್ರೆಯವನೇ ಇರಬೇಕು ಅಂದುಕೊಂಡೆ. ತಿಥಿ ಮುಗಿದ ಮಾರನೇ ದಿನ ಅವನೇ ಫೈಲ್ ಹಿಡಿದು ಮನೆಗೆ ಬಂದ. ವಿಳಾಸ ಕೊಟ್ಟವರು ಯಾರು ಅಂತ ಆಗ ಕೇಳಲೇ ಇಲ್ಲ. "ಅಕ್ಕಾ, ನೀವು ಒಂದು ರೂಪಾಯಿ ಖರ್ಚು ಮಾಡೋದು ಬೇಡ. ವಕೀಲರು ನಮ್ಮವರೇ. ದುಡ್ಡು ಬಂದ ಮೇಲೆ ನೋಡಿಕೊಳ್ಳೋಣ" ಅಂದ. ವಕಾಲತ್ತಿಗೆ ಸಹಿ, ಖಾಲಿ ಹಾಳೆಗಳಿಗೆ ಸಹಿ, ಎರಡು ಖಾಲಿ ಚೆಕ್ಕಿಗೆ ಸಹಿ. ಅತ್ತಿಗೆ ನನ್ನ ಮುಖ ನೋಡಿದರು. ಹಾಕಿ ಅತ್ತಿಗೆ, ಒಳ್ಳೆಯವರ ಥರ ಕಾಣ್ತಾರೆ ಅಂದೆ. ಈ ಮಾತು ನೆನಪಾದಾಗಲೆಲ್ಲ ಹೊಟ್ಟೆ ಉರಿಯುತ್ತೆ.

ಆಮೇಲೆ ವಕೀಲರನ್ನು ನಾವು ನೋಡಿದ್ದು ಒಂದೇ ಸಲ, ಲೋಕ ಅದಾಲತ್ ದಿನ. ಹನ್ನೆರಡು ಲಕ್ಷಕ್ಕೆ ಇನ್ಶೂರೆನ್ಸ್‌ನವರು ಒಪ್ಪಿದ್ದಾರೆ, ಬೇಡ ಅಂದ್ರೆ ಐದು ವರ್ಷ ಕೋರ್ಟಿಗೆ ಅಲೀತೀರಿ ಅಂತ ಬಾಗಿಲಲ್ಲೇ ಹೆದರಿಸಿದರು. ಒಳಗೆ ಜಡ್ಜ್ ಅತ್ತಿಗೆಯನ್ನು ಕೇಳಿದರು, ಒಪ್ಪಿಗೆನಾ ಅಮ್ಮ ಅಂತ. ಕೇಳಿದರು ರೀ, ಸರಿಯಾಗಿ ಕೇಳಿದರು. ನಾನು ಹಿಂದಿನಿಂದ ಹೂಂ ಅನ್ನಿ ಅಂದೆ.

ಮಕ್ಕಳ ಪಾಲು ಎಫ್‌ಡಿಗೆ ಹೋಯಿತು. ಅತ್ತಿಗೆಯ ಖಾತೆಗೆ ಬಂದ ದುಡ್ಡಿನಲ್ಲಿ ಮೂರು ಲಕ್ಷ ಎರಡೇ ದಿನದಲ್ಲಿ ಚೆಕ್ ಮೂಲಕ ಹೋಯಿತು. ಆಗಲೇ ನನಗೆ ಎಚ್ಚರ ಆಗಿದ್ದು.

ಕೋರ್ಟಿನಿಂದ ಅರ್ಜಿಯ ನಕಲು ತೆಗೆಸಿದೆ. ಮೊದಲ ಪುಟದಲ್ಲೇ ಇತ್ತು. ವಯಸ್ಸು 45. ಉದ್ಯೋಗ ಕೂಲಿ. ತಿಂಗಳ ಆದಾಯ 10,000. ನನ್ನ ಅಣ್ಣ ಗ್ಯಾರೇಜಿನಲ್ಲಿ ಹೆಡ್ ಮೆಕ್ಯಾನಿಕ್. ತಿಂಗಳಿಗೆ 18,000 ಬ್ಯಾಂಕಿಗೇ ಬೀಳ್ತಿತ್ತು. ಪಾಸ್‌ಬುಕ್ ಇವತ್ತಿಗೂ ದೇವರ ಗೂಡಿನ ಪಕ್ಕ ಇದೆ, ಮೂಲೆಯಲ್ಲಿ ಗ್ರೀಸಿನ ಬೆರಳಚ್ಚು ಸಮೇತ. ಅದನ್ನು ತೋರಿಸಿ ಅಂತ ಆ ಫೈಲಿನವನು ಒಂದು ದಿನವೂ ಕೇಳಲಿಲ್ಲ. ವಯಸ್ಸನ್ನು ಪೊಲೀಸರ ಶವ ಮಹಜರಿನಲ್ಲಿ ಅಂದಾಜಿಗೆ 45 ಅಂತ ಬರೆದಿದ್ದರಂತೆ, ಅದನ್ನೇ ಇಳಿಸಿದ್ದಾರೆ. ಆಧಾರ್ ಕಾರ್ಡ್ ನಾವು ಕೊಟ್ಟಿದ್ದೆವು!

ಏಳು ವರ್ಷ ಜಾಸ್ತಿ ಬರೆದರೆ ಏನಾಗುತ್ತೆ ಅಂತ ಬೇರೆ ವಕೀಲರೊಬ್ಬರು ಕೂರಿಸಿಕೊಂಡು ಹೇಳಿದರು. ವರ್ಷದ ಆದಾಯಕ್ಕೆ ಮುಂದೆ ಸಂಬಳ ಏರುತ್ತಿತ್ತು ಅಂತ ಒಂದಿಷ್ಟು ಸೇರಿಸುತ್ತಾರೆ. ಕಾಯಂ ಕೆಲಸ ಅಲ್ಲದವರಿಗೆ ವಯಸ್ಸು 40ಕ್ಕಿಂತ ಕಡಿಮೆ ಇದ್ದರೆ ಶೇಕಡಾ 40, 40ರಿಂದ 50ರ ಒಳಗಿದ್ದರೆ 25. ಇದು ಸುಪ್ರೀಂ ಕೋರ್ಟ್ 2017ರಲ್ಲಿ ಹೇಳಿದ್ದು. ನಾಲ್ಕು ಜನ ಅವಲಂಬಿತರಿದ್ದರೆ ಅವನ ಸ್ವಂತ ಖರ್ಚು ಅಂತ ಕಾಲು ಭಾಗ ಕಳೆಯುತ್ತಾರೆ. ಉಳಿದದ್ದನ್ನು ವಯಸ್ಸಿನ ಪ್ರಕಾರ ಗುಣಿಸುತ್ತಾರೆ, 38ಕ್ಕೆ 15, 45ಕ್ಕೆ 14. ಅಣ್ಣನ ನಿಜವಾದ ಲೆಕ್ಕ 34,02,000. ಅವರು ಬರೆದ ಲೆಕ್ಕ 15,75,000. ಅದರಲ್ಲೂ ಕಡಿಮೆ ಮಾಡಿ ಹನ್ನೆರಡಕ್ಕೆ ಮುಗಿಸಿದರು. ಅಂತ್ಯಕ್ರಿಯೆಯಂಥ ಬಾಬ್ತುಗಳು ಬೇರೆ.

ಆ ಫೈಲಿನವನಿಗೆ ಫೋನ್ ಮಾಡಿದೆ. ಅವನು ಹೇಳಿದ್ದು ಹಾಗೇ ಬರೆಯುತ್ತೇನೆ. "ಸಹಿ ನಿಮ್ಮ ಅತ್ತಿಗೇದೇ ತಾನೇ? ನಾನೇನು ಕೈ ಹಿಡಿದು ಹಾಕಿಸಿದ್ನಾ?" ಮೂರು ಲಕ್ಷ ಯಾಕೆ ತಗೊಂಡ್ರಿ ಅಂದೆ. "ಎಲ್ಲರ ಹತ್ರನೂ ಅಷ್ಟೇ. ನಿಮಗೆ ಅಂತ ಕಡಿಮೆ ಮಾಡಿದೀನಿ." ವಕೀಲರು, "ನನಗೆ ಕಕ್ಷಿದಾರರ ವಿವರ ಬರೋದು ಅವರಿಂದಾನೇ, ಅವರನ್ನೇ ಕೇಳಿ" ಅಂದು ಇಟ್ಟುಬಿಟ್ಟರು. ಗೆದ್ದ ದುಡ್ಡಿನಲ್ಲಿ ಪಾಲು ಅಂತ ವಕೀಲರು ಫೀಸ್ ಮಾತಾಡೋ ಹಾಗೇ ಇಲ್ಲ, ಬಾರ್ ಕೌನ್ಸಿಲ್ ನಿಯಮದಲ್ಲೇ ಇದೆ. ನಮಗೆ ಯಾರು ಹೇಳಬೇಕಿತ್ತು?

ಲೋಕ ಅದಾಲತ್‌ನಲ್ಲಿ ಒಪ್ಪಿದ್ದಕ್ಕೆ ಅಪೀಲ್ ಇಲ್ಲ. ಇದನ್ನು ಎರಡು ಸಲ ಓದಿಕೊಳ್ಳಿ. ಅಪೀಲ್ ಇಲ್ಲ. ರಾಜಿ ಮಾಡಿಕೊಳ್ಳಿ, ಬೇಡ ಅನ್ನಲ್ಲ. ಆದರೆ ಒಳಗೆ ಹೋಗೋ ಮುಂಚೆ ಅರ್ಜಿಯಲ್ಲಿ ವಯಸ್ಸು, ಕೆಲಸ, ಸಂಬಳ ಏನು ಬರೆದಿದೆ ಅಂತ ನಿಮ್ಮ ಕಣ್ಣಲ್ಲೇ ನೋಡಿ.

ಹೆಂಗಸರಿಗೆ ಆದಾಯ ಎಷ್ಟೇ ಇರಲಿ, ಕಾನೂನು ಸೇವಾ ಪ್ರಾಧಿಕಾರದಿಂದ ವಕೀಲರು ಉಚಿತವಾಗಿ ಸಿಗುತ್ತಾರೆ. ಕೋರ್ಟ್ ಆವರಣದಲ್ಲೇ ಅವರ ಕಚೇರಿ ಇರುತ್ತೆ, ಇಲ್ಲಾಂದ್ರೆ 15100ಕ್ಕೆ ಫೋನ್ ಮಾಡಿ. ನಾವು ಲೋಕ ಅದಾಲತ್‌ಗೆ ಹೋದ ದಿನ ಆ ಬೋರ್ಡಿನ ಕೆಳಗೇ ಅರ್ಧ ಗಂಟೆ ಕೂತಿದ್ದೆವು. ಕೇಸನ್ನು ನೀವು ವಾಸ ಇರೋ ಕಡೆಯೇ ಹಾಕಬಹುದು. ಕಾನೂನಿನಲ್ಲಿ ಆರು ತಿಂಗಳ ಗಡುವು ಇದೆ, ಸುಮ್ನೆ ಕೂರಬೇಡಿ. ಹಾಗಂತ ತಿಥಿ ಮುಗಿದ ಮಾರನೇ ದಿನವೇ ಓಡಬೇಕಾಗಿಯೂ ಇಲ್ಲ. ಆ ಆತುರ ಹುಟ್ಟಿಸೋದೇ ಇವರ ಕೆಲಸ. ಖಾಲಿ ಚೆಕ್ ಮಾತ್ರ ಯಾರಿಗೂ, ಯಾರಿಗೂ ಕೊಡಬೇಡಿ.

ವಕೀಲರ ಪರಿಷತ್ತಿಗೆ ದೂರು ಬರೆದಿದ್ದೇನೆ. ಅರ್ಜಿಯ ನಕಲು, ಆ ಚೆಕ್ಕಿನ ನಂಬರ್, ಅಣ್ಣನ ಪಾಸ್‌ಬುಕ್ಕಿನ ಜೆರಾಕ್ಸ್ ಮೂರನ್ನೂ ಜೊತೆಗೆ ಇಟ್ಟಿದ್ದೇನೆ. ಅದಕ್ಕೆ ಅತ್ತಿಗೆ ಸಹಿ ಹಾಕೋ ಮುಂಚೆ ಪ್ರತಿ ಸಾಲನ್ನೂ ಓದಿಸಿಕೊಂಡರು.